ಎರಡನೇ ರಿಮೋಟು

ಅವರ ಕೈಯ ಒಂದು ಉಗುರೂ ಬೆಳೆದದ್ದನ್ನು ನಾನು ನೋಡಲಿಲ್ಲ. ಕಾಲುವೆಯ ಗೇಟು ತಿರುಗಿಸಿ ತಿರುಗಿಸಿ ಅಂಗೈ ಜಡ್ಡುಗಟ್ಟಿತ್ತು, ಉಗುರುಗಳು ಮಾತ್ರ ಒಪ್ಪವಾಗಿ ಕತ್ತರಿಸಿ ಬೆಳ್ಳಗಿರುತ್ತಿದ್ದವು. ಸಿಂಧನೂರಿನ ಬಸ್‌ಸ್ಟ್ಯಾಂಡಿನಲ್ಲಿ ಇಳಿದವರೇ ನಲ್ಲಿಯ ಕೆಳಗೆ ಕೈ ತೊಳೆದು, ಕರವಸ್ತ್ರದಿಂದ ಬೆರಳಸಂದಿಗಳನ್ನೂ ಒರೆಸಿಕೊಂಡು, ಆಮೇಲೆ ನನ್ನ ವಿಡಿಯೋ ಗೇಮ್ ಅಂಗಡಿಯ ಮೆಟ್ಟಿಲು ಹತ್ತುತ್ತಿದ್ದರು. ಉಳಿದವರು ಮಿರ್ಚಿ ತಿಂದ ಎಣ್ಣೆಗೈಯಲ್ಲೇ ಬರುತ್ತಿದ್ದರು. ರೈಸ್‌ಮಿಲ್ಲಿನ ಒಬ್ಬ ಗಿರಾಕಿಯಂತೂ ಮೂಗು ಸೀಟಿ, ಲುಂಗಿಗೆ ಒರೆಸಿಕೊಂಡು, ಅದೇ ಕೈಯಲ್ಲಿ ರಿಮೋಟು ಹಿಡಿಯುತ್ತಿದ್ದ. ಅವನಿಗೆ ನಾನು ಕೊಡುತ್ತಿದ್ದದ್ದು ಒಂದನೇ ರಿಮೋಟು. ಇವರಿಗೆ ಎರಡನೆಯದು. ಇದನ್ನು ಬರೆಯುವಾಗ ನನ್ನ ಮೇಲೆ ನನಗೇ ವಾಕರಿಕೆ ಬರುತ್ತದೆ.

ಅವರು ಜವಳಗೇರಾ ಕಡೆಯ ಕಾಲುವೆಯ ಮೇಲೆ ಸೌಡಿಯಾಗಿದ್ದರು. ಗೇಟು ಎತ್ತಿ ಇಳಿಸಿ, ಯಾವ ಹೊಲಕ್ಕೆ ಯಾವಾಗ ನೀರು ಎಂದು ನೋಡಿಕೊಳ್ಳುವ ಸರಕಾರಿ ನೌಕರನಿಗೆ ನಮ್ಮ ಕಡೆ ಸೌಡಿ ಅನ್ನುತ್ತಾರೆ. ಊರೆಲ್ಲ ಹಾಗೇ ಕರೆಯುತ್ತಿತ್ತು, ನಾನೂ ಹಾಗೇ ಕರೆದೆ. ಆಗ ತೊಂಬತ್ತರ ದಶಕ ಅರ್ಧ ಕಳೆದಿತ್ತು. ನನಗೆ ಇಪ್ಪತ್ನಾಲ್ಕು, ಅವರಿಗೆ ಐವತ್ತು ದಾಟಿತ್ತು. ಅವರು ನನಗೆ "ಸಾವ್ಕಾರ್ರ" ಎಂದು ಬಹುವಚನದಲ್ಲಿ ಮಾತನಾಡುತ್ತಿದ್ದರು. ನಾನು "ಬಾ ಸೌಡಿ, ಕುಂದ್ರು" ಅನ್ನುತ್ತಿದ್ದೆ. ಮೀಸೆ ಸರಿಯಾಗಿ ಬಾರದವರೂ ಹಾಗೇ ಅನ್ನುತ್ತಿದ್ದರು. ಈಗ ಬರಹದಲ್ಲಿ "ಅವರು, ಇವರು" ಎಂದು ದೊಡ್ಡ ಮನುಷ್ಯನ ಹಾಗೆ ಬರೆಯುತ್ತಿದ್ದೇನೆ. ಬರಹದಲ್ಲಿ ಏನು ಕಷ್ಟ?

ಅಂಗಡಿಯಲ್ಲಿ ಒಂದು ಬಣ್ಣದ ಟಿವಿ, ಒಂದು ಗೇಮಿನ ಪೆಟ್ಟಿಗೆ, ಅದಕ್ಕೆ ವೈರಿನಲ್ಲಿ ಜೋತುಬಿದ್ದ ಎರಡು ರಿಮೋಟು. ಕ್ಯಾಸೆಟ್ಟುಗಳು ಹತ್ತಾರಿದ್ದರೂ ಎಲ್ಲರೂ ಕೇಳುತ್ತಿದ್ದದ್ದು ಟ್ಯಾಂಕಿನ ಆಟ. ಟಿವಿಯ ಕೆಳಗಡೆ ನಟ್ಟನಡುವೆ ಒಂದು ಹಕ್ಕಿ, ಅದರ ಸುತ್ತ ಇಟ್ಟಿಗೆ ಗೋಡೆ. ಮೇಲಿನ ಮೂರು ಕಡೆಯಿಂದ ವೈರಿಗಳ ಟ್ಯಾಂಕುಗಳು ಇಳಿದು ಬರುತ್ತವೆ. ಅವುಗಳನ್ನು ಹೊಡೆದು ಹಕ್ಕಿಯನ್ನು ಉಳಿಸಬೇಕು. ಹಕ್ಕಿಗೆ ಒಂದು ಗುಂಡು ಬಿತ್ತೆಂದರೆ ಆಟ ಮುಗಿಯಿತು. ಇಬ್ಬರು ಜೊತೆಯಾಗಿಯೂ ಆಡಬಹುದು. ಒಂದನೇ ರಿಮೋಟಿನವನ ಹಳದಿ ಟ್ಯಾಂಕು ಎಡಕ್ಕೆ, ಎರಡನೆಯವನ ಹಸಿರು ಟ್ಯಾಂಕು ಬಲಕ್ಕೆ. ಆದರೆ ಆಟ ಶುರು ಮಾಡುವ ಗುಂಡಿ ಇದ್ದದ್ದು ಒಂದನೇ ರಿಮೋಟಿನಲ್ಲಿ ಮಾತ್ರ. ಎರಡನೆಯದನ್ನು ಹಿಡಿದವನು, ಇನ್ನೊಬ್ಬ ಬಂದು ಗುಂಡಿ ಒತ್ತುವವರೆಗೆ ಟಿವಿ ನೋಡುತ್ತ ಕೂತಿರಬೇಕು.

ಇವರು ಹಾಗೆ ಕೂತಿರುತ್ತಿದ್ದರು. ಮೊದಲ ದಿನ ನಾನು ಯಾವೂರು ಎಂದು ಕೇಳಿದ್ದೆ, ಆಮೇಲೆ ಯಾವ ಓಣಿ ಎಂದೂ ಕೇಳಿದ್ದೆ. ಎರಡನೇ ಪ್ರಶ್ನೆ ಯಾಕೆ ಕೇಳುತ್ತಾರೆಂದು ನಮ್ಮಲ್ಲಿ ಎಲ್ಲರಿಗೂ ಗೊತ್ತು. ಅವರು ಮುಚ್ಚಿಡದೆ ಕೇರಿಯ ಹೆಸರು ಹೇಳಿದರು. ನಾನು ಕೈಯಲ್ಲಿದ್ದ ಒಂದನೇ ರಿಮೋಟನ್ನು ತೊಡೆಯ ಮೇಲಿಟ್ಟುಕೊಂಡು ಎರಡನೆಯದನ್ನು ಅವರ ಕಡೆ ಸರಿಸಿದೆ. ಹೀಗೆ ಮಾಡೆಂದು ನನಗೆ ಯಾರೂ ಹೇಳಿರಲಿಲ್ಲ. ಎದುರಿನ ಚಹಾದಂಗಡಿಯವನು ಕೇರಿಯವರ ಗ್ಲಾಸನ್ನು ಬೇರೆ ಇಡುತ್ತಿದ್ದ. ಅದನ್ನು ನೋಡಿಕೊಂಡೇ ಬೆಳೆದ ನಾನು ನನ್ನ ಹೊಸ ಅಂಗಡಿಗೂ ಆ ಕೊಳೆಯನ್ನೇ ತಂದೆ. ವಿದೇಶದಿಂದ ಬಂದ ಪೆಟ್ಟಿಗೆಗೂ ನಮ್ಮ ರೋಗ ಅಂಟಿಸಿದ ಗಂಡಸು ನಾನು.

ಆದರೆ ಆಟ ಬಲ್ಲವರು ಇಡೀ ಸಿಂಧನೂರಿನಲ್ಲಿ ಅವರೊಬ್ಬರೇ. ನಾವೆಲ್ಲ ಗುಂಡಿ ಒತ್ತಿದ ಕೂಡಲೇ ಶೌರ್ಯ ಉಕ್ಕಿ ಟ್ಯಾಂಕನ್ನು ಮೇಲಕ್ಕೆ ಓಡಿಸುತ್ತಿದ್ದೆವು. ಮೇಲೆ ಒಬ್ಬನನ್ನು ಬೆನ್ನಟ್ಟುವಷ್ಟರಲ್ಲಿ ಇನ್ನೊಬ್ಬ ಇಳಿದು ಹಕ್ಕಿಯನ್ನು ಉಡಾಯಿಸುತ್ತಿದ್ದ. ಅವರು ಮನೆ ಬಿಟ್ಟು ಕದಲುತ್ತಿರಲಿಲ್ಲ. ಹಕ್ಕಿ ಇರುವ ಜಾಗವನ್ನು ಅವರು "ಮನಿ" ಅನ್ನುತ್ತಿದ್ದರು. ವೈರಿಗಳು ಹುಟ್ಟುವ ಮೂರು ಜಾಗಗಳಿಗೆ ಅವರಿಟ್ಟ ಹೆಸರು ತೂಬು. ಮೂರು ತೂಬುಗಳೂ ಪಾಳಿ ಹಿಡಿದು ಬಿಡುತ್ತವೆ, ಯಾವುದು ಬಿಟ್ಟಿತು ಎಂದು ನೆನಪಿಟ್ಟರೆ ಮುಂದಿನದು ಯಾವುದೆಂದು ತಿಳಿಯುತ್ತದೆ ಎಂದು ಮೊದಲು ಕಂಡುಹಿಡಿದವರು ಅವರು. ನಾವು ತಿಂಗಳುಗಟ್ಟಲೆ ಆಡಿದ್ದರೂ ನಮ್ಮ ಮಂದಬುದ್ಧಿಗೆ ಅದು ಹೊಳೆದಿರಲಿಲ್ಲ.

ದಾರಿಯ ಇಟ್ಟಿಗೆಗಳನ್ನೆಲ್ಲ ಒಡೆದು ಬಯಲು ಮಾಡಬೇಡಿ ಎನ್ನುವುದು ಅವರ ಇನ್ನೊಂದು ಮಾತು. ಕಾಲುವೆ ನೆಟ್ಟಗಿದ್ದರೆ ನೀರು ಓಡುತ್ತದೆ, ತಿರುವು ಇದ್ದಲ್ಲಿ ನಿಧಾನವಾಗುತ್ತದೆ. ವೈರಿ ಸುತ್ತಿಬಳಸಿ ಬರಲಿ, ನೀವು ತಿರುವಿನ ಎದುರು ಒಂದು ಕಿಂಡಿ ಮಾತ್ರ ಕೊರೆದುಕೊಂಡು ಕಾಯಿರಿ ಅನ್ನುತ್ತಿದ್ದರು. ನಡುನಡುವೆ ಟಿವಿಯಲ್ಲಿ ನಕ್ಷತ್ರ, ಸಲಿಕೆ ಎಂದು ಬಹುಮಾನದ ಚಿತ್ರಗಳು ಮಿನುಗುತ್ತವೆ. ಬಾಗಿಲಲ್ಲಿ ವೈರಿ ನಿಂತಿರುವಾಗ ಅವುಗಳ ಆಸೆಗೆ ಓಡಬಾರದು. ಎಲ್ಲಕ್ಕಿಂತ ಮುಖ್ಯವಾದದ್ದು, ಗಾಬರಿಯಲ್ಲಿ ಟ್ಯಾಂಕನ್ನು ಮನೆಯ ಕಡೆ ತಿರುಗಿಸಿ ಗುಂಡು ಬಿಡಬಾರದು. ನಮ್ಮ ಗುಂಡಿಗೂ ನಮ್ಮ ಗೋಡೆ ಒಡೆಯುತ್ತದೆ. ಸಿಂಧನೂರಿನವರ ಹಕ್ಕಿಗಳಲ್ಲಿ ಅರ್ಧ ಸತ್ತದ್ದು ಸಿಂಧನೂರಿನವರ ಗುಂಡಿಗೇ. "ವೈರಿ ಗುಂಡಿಗೆ ಸತ್ರ ಆಟ ಅಂತೀವ್ರಿ, ನಮ್ಮದಕ್ಕ ಸತ್ರ ಏನನ್ನೂದು?" ಎಂದು ಅವರು ನಗುತ್ತಿದ್ದರು. ಮೆಲ್ಲಗೆ ನಗುವ ಮನುಷ್ಯ, ಹಲ್ಲು ಕಾಣುತ್ತಿರಲಿಲ್ಲ.

ಮಧ್ಯಾಹ್ನ ಗಿರಾಕಿ ಇಲ್ಲದಾಗ ನಾವಿಬ್ಬರೇ ಆಡುತ್ತಿದ್ದೆವು. ಅವರು ಹೇಳಿದ್ದನ್ನು ನಾನು ಬಾಯಿಪಾಠ ಮಾಡಿಕೊಂಡು ಸಂಜೆ ಬಂದ ಕಾಲೇಜು ಹುಡುಗರಿಗೆ ನನ್ನ ಸ್ವಂತ ಬುದ್ಧಿಯೆಂಬಂತೆ ಹೇಳಿಕೊಡುತ್ತಿದ್ದೆ. ಅವರೆದುರೇ ಒಮ್ಮೆ ಹಾಗೆ ಕೊಚ್ಚಿಕೊಂಡೆ. ಅವರು ಟಿವಿಯಿಂದ ಕಣ್ಣು ತೆಗೆಯಲಿಲ್ಲ.

ಅಂಥ ಒಂದು ಮಧ್ಯಾಹ್ನವೇ ಅವರು ಕೇಳಿದ್ದು.

"ಸಾವ್ಕಾರ್ರ, ಒಂದಿನ ನಾ ಚಾಲೂ ಮಾಡ್ಲೇನ್ರಿ?"

ಒಂದನೇ ರಿಮೋಟು ಕೇಳುತ್ತಿದ್ದಾರೆಂದು ತಿಳಿಯಲು ನನಗೆ ಒಂದು ಕ್ಷಣವೂ ಬೇಕಾಗಲಿಲ್ಲ. ಆದರೂ ತಿಳಿಯದವನ ಹಾಗೆ, ಎರಡನೆಯದರ ಗುಂಡಿಗಳೇ ಮೆತ್ತಗಿವೆ, ನಿನ್ನ ಕೈಗೆ ಅದೇ ಹೊಂದಿದೆ ಎಂದೆ. ನೋಡೋಣ, ನಿನ್ನ ಪಾಳಿಯೂ ಬರುತ್ತದೆ ಎಂದೂ ಸೇರಿಸಿದೆ. ಅವರು ಆ ಮಾತನ್ನು ನಂಬಿದರು. ಪಾಳಿ ಅನ್ನುವುದು ಅವರಿಗೆ ಬಾಯಿಮಾತಲ್ಲ. ಗೌಡನ ಹೊಲವಿರಲಿ, ನಿರಾಶ್ರಿತರ ಕ್ಯಾಂಪಿನ ಬಂಗಾಲಿಯವರ ಗದ್ದೆಯಿರಲಿ, ಪಾಳಿ ಬಂದವರಿಗೆ ನೀರು ಬಿಟ್ಟೇ ತೀರುತ್ತಿದ್ದರೆಂದು ಅವರ ಹೆಸರಿತ್ತು. ಅವರ ಕೈ ಬಿಟ್ಟ ನೀರಿನಿಂದ ಬೆಳೆದ ಅಕ್ಕಿಯನ್ನು ನಮ್ಮ ಮನೆಯಲ್ಲಿ ದೇವರಿಗೂ ಎಡೆ ಇಡುತ್ತಿದ್ದೆವು. ಅದೇ ಕೈ ಪ್ಲಾಸ್ಟಿಕ್ಕಿನ ಡಬ್ಬಿಯೊಂದನ್ನು ಮುಟ್ಟಿದರೆ ನಮಗೆ ಮೈಲಿಗೆ. ಇಂಥ ಬುದ್ಧಿಗೆ ಏನು ಹೇಳುವುದು, ಥೂ.

ಅದಾದ ಒಂದೆರಡು ತಿಂಗಳಿಗೆ ಲಿಂಗಸುಗೂರಿನ ವಿಡಿಯೋ ಗೇಮ್ ಅಂಗಡಿಯವನು ಪಂದ್ಯ ಕರೆದ. ಅವರ ಒಂದು ಜೋಡಿ, ನಮ್ಮ ಒಂದು ಜೋಡಿ. ಎರಡೂ ಊರಿಗೆ ನಡುವೆಂದು ಮಸ್ಕಿಯನ್ನು ಆರಿಸಿದರು; ಅಲ್ಲಿ ಟೇಪ್‌ರೆಕಾರ್ಡರ್ ರಿಪೇರಿ ಅಂಗಡಿಯಿಟ್ಟಿದ್ದ ಒಬ್ಬನ ಹತ್ತಿರ ಟಿವಿ, ಪೆಟ್ಟಿಗೆ ಎರಡೂ ಇದ್ದವು. ಪ್ರತಿ ಜೋಡಿಗೆ ಎರಡು ಆಟ, ಹೆಚ್ಚು ಸುತ್ತು ದಾಟಿದವರು ಗೆದ್ದಂತೆ. ರಿಮೋಟು ಸರಿಯಿಲ್ಲ ಎಂಬ ತಕರಾರು ಬಾರದಿರಲೆಂದು, ಎರಡನೇ ಆಟಕ್ಕೆ ಜೋಡಿಯವರು ರಿಮೋಟು ಅದಲುಬದಲು ಮಾಡಿಕೊಳ್ಳಬೇಕೆಂದು ಮೊದಲೇ ಮಾತಾಯಿತು.

ನನಗೆ ಗೆಲ್ಲಬೇಕಿತ್ತು, ಹಾಗಾಗಿ ಸೌಡಿ ಬೇಕಿತ್ತು. ನಿಯಮ ಹೇಳಿದಾಗ ಅವರು ಎರಡು ಸಲ ಕೇಳಿ ಖಾತ್ರಿ ಮಾಡಿಕೊಂಡರು. ಪಂದ್ಯದ ದಿನ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಬಂದರು. ಬಸ್ಸಿನಲ್ಲಿ ಮಸ್ಕಿಯ ಗುಡ್ಡ ಕಂಡ ಕೂಡಲೇ, "ಎರಡನೇ ಆಟ ನಾ ಚಾಲೂ ಮಾಡ್ತೀನಲ್ರಿ" ಎಂದರು. ಹೂಂ ಎಂದೆ.

ಮಸ್ಕಿಯಲ್ಲಿ ಚಹಾ ತರಿಸುವ ಮೊದಲು ರಿಪೇರಿಯವನು ನನ್ನನ್ನು ಬದಿಗೆ ಕರೆದು, ಇವರು ಯಾರ ಪೈಕಿ ಎಂದು ಕೇಳಿದ. ಗೊತ್ತಿಲ್ಲ ಎನ್ನಬಹುದಿತ್ತು. ನಿನಗೇಕೆ ಎನ್ನಬಹುದಿತ್ತು. ನಾನು ದನಿ ತಗ್ಗಿಸಿ ಹೇಳಿದೆ. ಚಹಾ ಬಂದಾಗ ಎಲ್ಲರಿಗೂ ಪಿಂಗಾಣಿಯ ಕಪ್ಪು ಬಸಿ, ಅವರಿಗೆ ಬಾಯಿ ಒಡೆದ ಗಾಜಿನ ಲೋಟ. ಅವರು ಹೊಟ್ಟೆ ಸರಿಯಿಲ್ಲವೆಂದು ಕುಡಿಯಲಿಲ್ಲ.

ಮೊದಲ ಆಟದಲ್ಲಿ ನಮ್ಮದೇ ಮೇಲುಗೈ. ಲಿಂಗಸುಗೂರಿನವನ ಜೊತೆಗಾರ ಸಂತೆಕಲ್ಲೂರಿನವನು, ಚುರುಕಿನವ, ಆದರೆ ಅವನೂ ನಮ್ಮ ಹಾಗೆ ಮೇಲಕ್ಕೆ ಓಡುವವನೇ. ಎರಡನೇ ಆಟಕ್ಕೆ ನಮ್ಮ ಸರದಿ ಬಂತು. ಸೌಡಿ ಕರವಸ್ತ್ರ ತೆಗೆದು ಕೈ ಒರೆಸಿಕೊಂಡರು, ಒಂದು ಹೆಜ್ಜೆ ಎಡಕ್ಕೆ ಸರಿದು ಕೂತರು, ನನ್ನ ಕಡೆ ಕೈ ಚಾಚಿದರು. ರಿಪೇರಿಯವನು ನನ್ನ ಮುಖ ನೋಡಿದ. ಅವನು ಬಾಯಿ ಬಿಡುವ ಮೊದಲೇ ನಾನು ಬಾಯಿ ಬಿಟ್ಟೆ. "ಇರ್ಲಿ ಬಿಡ್ರಿ, ಇವಗ ಎರಡನೇದ ರೂಢಿ ಐತಿ."

ಲಿಂಗಸುಗೂರಿನವನೂ ತಕರಾರು ತೆಗೆಯಲಿಲ್ಲ. ನಿಯಮ ಮಾಡಿದವನು ಅವನೇ, ಆದರೂ ಎಲ್ಲರಿಗೂ ಕಾರಣ ಗೊತ್ತಾಗಿತ್ತು, ಎಲ್ಲರಿಗೂ ಸಮಾಧಾನವಾಗಿತ್ತು. ಚಾಚಿದ ಕೈ ಸ್ವಲ್ಪ ಹೊತ್ತು ಹಾಗೇ ಇತ್ತು. ಆಮೇಲೆ ಅವರು ಬಲಕ್ಕೆ ಸರಿದು ಎರಡನೇ ರಿಮೋಟು ಎತ್ತಿಕೊಂಡರು. ನಾನು ಗುಂಡಿ ಒತ್ತಿದೆ.

ಅವರು ಅವತ್ತು ಸುಮ್ಮನೆ ಕೂತು ನನ್ನನ್ನು ಸೋಲಿಸಬಹುದಿತ್ತು. ಕೊನೆಯ ಸುತ್ತಿನಲ್ಲಿ ನನ್ನ ಎಡಗಡೆಯ ಗೋಡೆ ಒಡೆದು ಹಕ್ಕಿ ಬಯಲಿಗೆ ಬಿತ್ತು, ನನ್ನ ಟ್ಯಾಂಕು ಮೇಲೆಲ್ಲೋ ಸಿಕ್ಕಿಕೊಂಡಿತ್ತು. ಹಸಿರು ಟ್ಯಾಂಕು ತನ್ನ ಬಲಗಡೆ ಬಿಟ್ಟು ಎಡಕ್ಕೆ ಬಂದು, ಒಡೆದ ಗೋಡೆಯ ಜಾಗದಲ್ಲಿ ತಾನೇ ಗೋಡೆಯಾಗಿ ನಿಂತು, ಉಳಿದ ವೈರಿಗಳನ್ನೆಲ್ಲ ಒಬ್ಬೊಬ್ಬರನ್ನೇ ಹೊಡೆಯಿತು. ಗೆದ್ದೆವು. ಜನ ನನ್ನ ಕೈ ಕುಲುಕಿದರು. ಸೌಡಿ ಇನ್ನೂ ಬಾಗಿಲಲ್ಲಿ ಚಪ್ಪಲಿ ಮೆಟ್ಟುತ್ತಿದ್ದರು, ಅಷ್ಟರಲ್ಲೇ ರಿಪೇರಿಯವನು ಸೀಮೆಎಣ್ಣೆ ಬಟ್ಟೆಯಿಂದ ಎರಡನೇ ರಿಮೋಟು ಉಜ್ಜಲು ಶುರುಮಾಡಿದ. ಸೀಮೆಎಣ್ಣೆಯ ನಾತಕ್ಕೆ ಅವರು ತಿರುಗಿ ನೋಡಿದರು. ನಾನು ನಗುತ್ತಿದ್ದೆ, ಗೆದ್ದವನು ನಗಬೇಕಲ್ಲ.

ಆಮೇಲೆ ಅವರು ಅಂಗಡಿಗೆ ಬರಲಿಲ್ಲ. ಹದಿನೈದು ದಿನ ನೋಡಿ ನಾನೇ ಜವಳಗೇರಾಕ್ಕೆ ಹೋದೆ. ಪಶ್ಚಾತ್ತಾಪ ಎಂದು ಹೇಳಿಕೊಂಡರೆ ಸುಳ್ಳಾಗುತ್ತದೆ, ಜೊತೆಗಾರನಿಲ್ಲದೆ ಲಿಂಗಸುಗೂರಿನವನ ಎದುರು ಮತ್ತೆ ಗೆಲ್ಲಲಾರೆನೆಂಬ ಹೆದರಿಕೆಯೂ ಅದರಲ್ಲಿತ್ತು. ಅವರು ಗೇಟಿನ ಹತ್ತಿರ ಕೂತು ತಿರುಪಿಗೆ ಗ್ರೀಸು ಹಚ್ಚುತ್ತಿದ್ದರು. ನಾನು ಮೊದಲ ಸಲ ಬಹುವಚನ ಹಚ್ಚಿದೆ. ಬರ್ರಿ, ಇನ್ನು ಮೇಲೆ ಒಂದನೇದು ನಿಮಗೇ ಎಂದೆ.

ಅವರು ಗ್ರೀಸಿನ ಕೈ ಹುಲ್ಲಿಗೆ ಒರೆಸಿಕೊಂಡರು. ಸಿಟ್ಟಿರಲಿಲ್ಲ.

"ಪಾಳಿ ತಪ್ಪಿಸಿ, ಆಮ್ಯಾಲೆ ನೀರು ಬಿಟ್ರ ನಾವು ಅದಕ್ಕ ಪಾಳಿ ಅನ್ನಂಗಿಲ್ರಿ. ಧರ್ಮಕ್ಕ ಕೊಟ್ಟಿದ್ದು ಅಂತೀವಿ." ಗ್ರೀಸಿನ ಡಬ್ಬಿ ಮುಚ್ಚಿ, "ಧರ್ಮದ್ದು ನನಗ ಬ್ಯಾಡ್ರಿ ಸಾವ್ಕಾರ್ರ" ಎಂದರು.

ಕಾಲುವೆಯ ದಂಡೆಯಿಂದ ನಾನು ಬಸ್ಸಿಗೆ ನಡೆದು ಬಂದೆ. ಮೈಯೆಲ್ಲ ಕೆಸರು ಮೆತ್ತಿದಂತಾಗಿತ್ತು.

ಅವರು ನಿವೃತ್ತರಾದ ಮರುವರ್ಷವೇ ತೀರಿಕೊಂಡರು. ಬಸ್‌ಸ್ಟ್ಯಾಂಡಿನಲ್ಲಿ ಯಾರೋ ಹೇಳಿದರು, ಮೂರನೇ ದಿನ ಹೋದೆ. ಗೋಡೆಯ ಮೇಲೆ ಬುದ್ಧನ ಪಟ, ಸಾರಿಸಿದ ನೆಲ, ಒಂದು ಕಸ ಕಾಣದ ಮನೆ. ಅವರ ಮಗಳು ಸರಕಾರಿ ಶಾಲೆಯಲ್ಲಿ ಟೀಚರು. ನಾನು ಸಿಂಧನೂರಿನ ವಿಡಿಯೋ ಗೇಮ್ ಅಂಗಡಿಯವನು ಎಂದ ಕೂಡಲೇ ಆಕೆ ಕುರ್ಚಿ ತಂದು ಹಾಕಿದಳು, ಒಳಗಿದ್ದ ತಾಯಿಯನ್ನು ಕರೆದು ತೋರಿಸಿದಳು. ತಾಯಿ ಕೈ ಮುಗಿದರು. ನನಗೆ ಯಾಕೆಂದು ತಿಳಿಯಲಿಲ್ಲ.

"ಅಪ್ಪ ಮನ್ಯಾಗ ದಿನಾ ನಿಮ್ಮ ಸುದ್ದಿ ಹೇಳ್ತಿದ್ದ ನೋಡ್ರಿ" ಎಂದಳು ಆಕೆ. "'ಹೋದ ಕೂಡ್ಲೇ ಒಂದನೇ ರಿಮೋಟ ನಿಮ್ಮ ಅಪ್ಪನ ಕೈಯಾಗ ಕೊಡ್ತಾರವ್ವ, ಚಾಲೂ ಮಾಡೂದು ನಾನ' ಅಂತಿದ್ದ. ಖರೇನ ಕೊಡ್ತಿದ್ರೇನ್ರಿ?"

ಇಬ್ಬರೂ ನನ್ನ ಮುಖವನ್ನೇ ನೋಡುತ್ತಿದ್ದರು.

ಕೊಡ್ತಿದ್ದೆ ಎಂದೆ.