ಬೆಟ್ಟ ಎದುರಿಗೆ, ಶೂ ಕಾರ್ಟನ್‌ನಲ್ಲಿ

ಬೆಟ್ಟ ಹತ್ತಲು ಹೊರಟ ನನ್ನ ಹೆಂಡತಿ ಲವೀನಾಳ ಕಾಲಲ್ಲಿ ಏನಿತ್ತು ಗೊತ್ತಾ? ಆಸ್ಪತ್ರೆಯಲ್ಲಿ ನರ್ಸ್ ಡ್ಯೂಟಿಗೆ ಹಾಕಿ ಹಾಕಿ ಸವೆದ ರಬ್ಬರ್ ಚಪ್ಪಲಿ!

"ಹೊಸ ಟ್ರೆಕಿಂಗ್ ಶೂ ಎಲ್ಲಿ ಮಾರಾಯ್ತಿ?"

"ಅದು ಊರಿಗೆ. ಕಾರ್ಟನ್‌ಗೆ ಹಾಕಿ ಟೇಪ್ ಸುತ್ತಿ ಆಯ್ತು."

"ಊರಲ್ಲಿ ಎಂತ, ಚರ್ಚಿಗೆ ಹಾಕಿಕೊಂಡು ಹೋಗ್ತೀಯಾ?"

"ಇರ್ಲಿ. ಹೊಸತಲ್ವಾ, ಇಲ್ಲಿಯ ಕಲ್ಲಿಗೆ ಹಾಳಾಗ್ತದೆ."

(ಗಲ್ಫ್‌ನವರ ಮನೆಮನೆಯ ಕಾಯಿಲೆ ಇದು. ಒಳ್ಳೆಯ ಸೆಂಟು, ಹೊಸ ಕಂಬಳಿ, ಗಾಜಿನ ಪ್ಲೇಟು ಎಲ್ಲ ಊರಿಗೆ. ಇಲ್ಲಿ ನಮಗೆ ಕಿವಿ ಮುರಿದ ಕಪ್ಪೇ ಸಾಕು.)

ಸೌದಿಯ ತಾಯಿಫ್‌ನಲ್ಲಿ ನಮ್ಮ ಅಡುಗೆಮನೆ ಕಿಟಕಿ ತೆರೆದರೆ ಈ ಬೆಟ್ಟ. ಮದುವೆಯಾಗಿ ಬಂದಾಗಿನಿಂದ ಅವಳಿಗೆ ಅದರ ನೆತ್ತಿಯ ಮೇಲೆ ಒಮ್ಮೆ ನಿಲ್ಲುವ ಆಸೆ. ಅವಳಿಗೆ ರಜೆಯಿದ್ದರೆ ನನಗೆ ಆಫೀಸು, ನನಗೆ ರಜೆಯಿದ್ದರೆ ಅವಳಿಗೆ ಡ್ಯೂಟಿ. ಈಗ ಇಬ್ಬರಿಗೂ ಫೈನಲ್ ಎಕ್ಸಿಟ್, ಅಂದರೆ ಕೆಲಸ ಬಿಟ್ಟು ಕಾಯಂ ಆಗಿ ಊರಿಗೆ. ಮುಂದಿನ ವಾರ ಗಂಟುಮೂಟೆ ಕಟ್ಟಿ ಹೊರಡಬೇಕು. ಹಾಗಾಗಿ ಈ ಶುಕ್ರವಾರವೇ ಕೊನೇ ಚಾನ್ಸು.

ಮೊದಲರ್ಧ ಸುಲಭ. ಹಿಂದೆ ಒಂಟೆಗಳು ಓಡಾಡಿದ ಕಲ್ಲುಹಾಸಿನ ದಾರಿ. ಅದು ಮುಗಿದ ಮೇಲೆ ಬರೀ ಬಂಡೆ. ಭೂಮಿಯ ಹೊಟ್ಟೆಯೊಳಗೆ ಕುದ್ದು, ನಿಧಾನಕ್ಕೆ ತಣಿದ ಗ್ರಾನೈಟ್. ಆಚೆ ಕೆಂಪು ಸಮುದ್ರ ಬಾಯಿಬಿಟ್ಟಾಗ ಈಚೆಯ ಅಂಚು ಮೇಲೆದ್ದು ನಿಂತಿತಂತೆ. ಲವೀನಾ ಬಂಡೆಯನ್ನು ಸವರಿ, "ನಮ್ಮ ಕಾರ್ಕಳದ ಕಲ್ಲಿನ ಹಾಗೇ ಉಂಟು ನೋಡಿ" ಅಂದಳು. ಇಷ್ಟು ವರ್ಷ ಇದನ್ನು ಮುಟ್ಟಿಯೇ ನೋಡಲಿಲ್ಲವಲ್ಲ! ನಾನೂ ಅಂಗೈ ಇಟ್ಟು ನೋಡಿದೆ.

ಬಿಸಿಲಿಗೆ, ಚಳಿಗೆ ಈ ಬಂಡೆ ಉದುರಿ, ಕಲ್ಲುಪ್ಪು ಚೆಲ್ಲಿದ ಹಾಗೆ ದಾರಿ ತುಂಬ ಪುಡಿ ಬಿದ್ದಿರುತ್ತದೆ. ಅದರ ಮೇಲೆ ಸವೆದ ಚಪ್ಪಲಿ ಎಷ್ಟು ಹೊತ್ತು ನಿಂತೀತು? ಜರ್ರನೆ ಜಾರಿದಳು. ದೇವರ ದಯೆ, ಮೂಳೆಗೆ ಏನೂ ಆಗಲಿಲ್ಲ. ಪಾದ ಮಾತ್ರ ಬನ್ನಿನ ಹಾಗೆ ಊದಿತು. ನೆತ್ತಿ ಅಲ್ಲೇ ಕಾಣುತ್ತಿತ್ತು. ಮೇಲೆ ಸೆಲ್ಫಿ ತೆಗೆಯುವವರ ನಗು ಕೂಡ ಕೇಳುತ್ತಿತ್ತು.

"ಎತ್ತಿಕೊಂಡು ಹೋಗ್ಲಾ?" ಅಂದೆ.

"ಮತ್ತೆ ನಿಮ್ಮ ಸೊಂಟ ಯಾರು ನೋಡುದು? ನನ್ನ ಡ್ಯೂಟಿ ಮುಗಿದಾಯ್ತು."

ನಕ್ಕೆವು. ಅವಳ ಕಣ್ಣು ಮಾತ್ರ ಮೇಲೆಯೇ ಇತ್ತು.

ಇಳಿಯುವಾಗ ನನ್ನ ಹೆಗಲು ಹಿಡಿದು ತಿರುಗಿ ತಿರುಗಿ ನೋಡಿದಳು. ನನ್ನ ಬಾಯಿಂದ ರೂಢಿಯ ಮಾತು ಬಂದೇಬಿಟ್ಟಿತು: "ಇರ್ಲಿ, ಇನ್ನೊಮ್ಮೆ ಬರುವ."

ಇಬ್ಬರೂ ಅಲ್ಲೇ ನಿಂತುಬಿಟ್ಟೆವು. ಇನ್ನೊಮ್ಮೆ ಬರುವುದೆಂದರೆ ಟೂರಿಸ್ಟ್ ವೀಸಾದಲ್ಲಿ! ಅವಳು ಅತ್ತಳು. ನಾನೂ.

ಅಲ್ಲ ಮಾರಾಯ್ರೇ, ಇಷ್ಟು ವರ್ಷ ಉಂಡು, ಜಗಳಾಡಿ, ಬಾಳಿದ ಈ ಜಾಗವನ್ನು ನಾವು ಒಮ್ಮೆಯಾದರೂ ಊರು ಅಂತ ಕರೆದದ್ದುಂಟಾ?