ಹದ್ದಿನ ಹಿಡಿಕೆಯ ಕೊಡೆ

ಈ ಕೊಡೆಗೆ ನಾನು ಎರಡು ರೂಪಾಯಿ ಕೊಟ್ಟೆ. ಬಾಗಲಕೋಟೆಯ ಹಳೇ ಸಾಮಾನಿನ ಅಂಗಡಿಯವನು ಎರಡು ಎಂದ, ನಾನು ಎರಡು ತೆಗೆದು ಕೊಟ್ಟೆ. ಅರ್ಧಕ್ಕರ್ಧ ಕೇಳದೆ ಜೀವಮಾನದಲ್ಲಿ ಒಂದು ಸೂಜಿಯನ್ನೂ ಕೊಂಡವನಲ್ಲ ನಾನು. ಜೊತೆಗಿದ್ದ ಅಳಿಯ, ಮಾವನಿಗೆ ಜ್ವರವೇನಾದರೂ ಬಂದಿದೆಯೇ ಎನ್ನುವ ಹಾಗೆ ನನ್ನ ಮುಖ ನೋಡಿದ. ಅವನದೇನೂ ತಪ್ಪಿಲ್ಲ. ಬಟ್ಟೆ ಅಲ್ಲಲ್ಲಿ ಹರಿದಿದೆ, ಕಡ್ಡಿಗಳು ಬಾಗಿವೆ, ಬಿಚ್ಚಿದರೆ ರೆಕ್ಕೆ ಮುರಿದ ಬಾವಲಿಯ ಹಾಗೆ ಜೋತುಬೀಳುತ್ತದೆ. ನಾಲ್ಕಾಣೆಗೂ ದುಬಾರಿ ಮಾಲು.

ಆದರೆ ಹಿಡಿಕೆ... ಕರಿಮರದಲ್ಲಿ ಕೆತ್ತಿದ ಹದ್ದಿನ ತಲೆ. ಒಂದು ಕಣ್ಣಿಗೆ ಗಾಜಿನ ಮಣಿ ಇದೆ, ಇನ್ನೊಂದು ಕಣ್ಣು ಖಾಲಿ. ಅಂಗಡಿಯಲ್ಲೇ ನಿಂತು ಬಟ್ಟೆಯನ್ನು ಮೂಸಿದೆ. ಮೇಲೆ ಕರ್ಪೂರದ ವಾಸನೆ, ಅದರ ಕೆಳಗೆ ಹಳೆಯ ಮಳೆಯ ಮುಗ್ಗಲು. ನಮ್ಮ ಕಡೆಯ ಮಳೆಗೆ ಕೊಡೆ ಮುಗ್ಗುವುದಿಲ್ಲ. ಅದು ಬೇರೆ ದೇಶದ ಮಳೆ.

ಅದರ ಒಡೆಯರು ಇಳಕಲ್ಲಿನಲ್ಲಿ ನಮ್ಮ ಹಿಂದಿನ ಓಣಿಯಲ್ಲಿ ನೂಲಿಗೆ ಬಣ್ಣ ಹಾಕುತ್ತಿದ್ದ ಬಣ್ಣಗಾರರು. ನಾನು ಚಾಚಾ ಎನ್ನುತ್ತಿದ್ದೆ. ಇಪ್ಪತ್ತನೆಯ ಶತಮಾನ ಆಗಷ್ಟೇ ಕಣ್ಣು ಬಿಟ್ಟಿದ್ದ ಕಾಲ. ಸೀರೆಯ ಗಂಟು ಹೊತ್ತು ಹುನಗುಂದ, ಅಮೀನಗಡ, ಕಮತಗಿ ಎಂದು ಸಂತೆ ಸುತ್ತುವುದನ್ನು ಬಿಟ್ಟು ನಾನು ಸ್ವಂತ ಅಂಗಡಿ ಹಾಕಿದ್ದೆ. ಅಪ್ಪ ಬಿಟ್ಟುಹೋದದ್ದು ಏನೂ ಇರಲಿಲ್ಲ. ನನ್ನ ಬಂಡವಾಳವೆಂದರೆ ಅನುಮಾನ. ಬಣ್ಣದ ನೂಲು ಬಂದರೆ ಬೆರಳು ಒದ್ದೆ ಮಾಡಿ ತಿಕ್ಕಿ ನೋಡದೆ ಒಳಗೆ ಬಿಡುತ್ತಿರಲಿಲ್ಲ. ಮನುಷ್ಯರನ್ನೂ ಹಾಗೆಯೇ.

ಚಾಚಾ ಹರೆಯದಲ್ಲಿ ಮುಂಬಯಿಗೆ ಹೋದವರು. ಅಲ್ಲಿಂದ ಹಡಗು ಹತ್ತಿದರಂತೆ ಎಂಬಷ್ಟೇ ಸುದ್ದಿ ಬಂತು, ಆಮೇಲೆ ಅದೂ ಇಲ್ಲ. ಹೆಂಡತಿ ಕಾದು ಕಾದು ತೀರಿಕೊಂಡಳು. ಕೂಸಾಗಿದ್ದ ಮಗಳನ್ನು ಚಾಚಾನ ಅಕ್ಕ ಸಾಕಿದಳು. ಊರು ಅವರನ್ನು ಸತ್ತವರ ಜೊತೆ ಸೇರಿಸಿ ಮರೆತ ಮೇಲೆ ಒಂದು ಸುಡುಬೇಸಿಗೆಯ ಮಧ್ಯಾಹ್ನ, ನರೆತ ಗಡ್ಡ, ತಗಡಿನ ಪೆಟ್ಟಿಗೆ ಮತ್ತು ಈ ಕೊಡೆಯ ಸಮೇತ ಬಂದು ಓಣಿಯಲ್ಲಿ ನಿಂತರು. ಮಾರನೆಯ ವಾರವೇ ತಮ್ಮ ಅಪ್ಪನ ಕಾಲದ ಬಣ್ಣದ ಗಡಿಗೆಗಳನ್ನು ತೊಳೆದು ಕೆಲಸಕ್ಕೆ ಕೂತರು. ಮಗಳು ಆಗ ಮದುವೆಯ ವಯಸ್ಸಿಗೆ ಬಂದಿದ್ದಳು. ಅಪ್ಪನನ್ನು ಗುರುತಿಸಲಿಲ್ಲ...

ದೂರದೇಶದಿಂದ ಕೈ ಬೀಸಿಕೊಂಡು ಬಂದವನ ಮೇಲೆ ನನಗೆ ಎರಡು ಸಂಶಯ. ತಂದದ್ದನ್ನು ಬಚ್ಚಿಟ್ಟಿದ್ದಾನೆ, ಇಲ್ಲವೇ ಸೆರೆಮನೆಯಿಂದ ನೇರ ಬಂದಿದ್ದಾನೆ. ಹಾಗಾಗಿ ನೂಲು ತಂದಾಗಲೆಲ್ಲ ಚಾಚಾನನ್ನು ಕೂರಿಸಿಕೊಂಡು ಮಾತಿಗೆಳೆಯುತ್ತಿದ್ದೆ. ಮಾತು ಬೇಗ ಬರುತ್ತಿರಲಿಲ್ಲ. ಬಂದರೆ ಒಂದೇ ದಿಕ್ಕಿಗೆ ಹೋಗುತ್ತಿತ್ತು: ‘ನಮ್ಮ ಸಾಹೇಬರು’.

ಹಡಗಿನಲ್ಲಿ ಅಡಿಗೆಯ ಕೆಲಸಕ್ಕಿದ್ದ ಚಾಚಾಗೆ ಆಫ್ರಿಕಾದ ಪಡುವಣ ದಂಡೆಯಲ್ಲಿ ಚಳಿಜ್ವರ ಬಂತಂತೆ. ಬದುಕುವುದಿಲ್ಲ ಎಂದು ಹಡಗಿನವರು ಅವರನ್ನು ಲೈಬೀರಿಯಾ ಎಂಬ ದೇಶದ ದಂಡೆಯ ಮೇಲೆ ಇಳಿಸಿ ಹೊರಟುಹೋದರು. ಅಲ್ಲಿ ಅಮೇರಿಕಾ ಸರಕಾರದ ರಾಯಭಾರಿ ಒಬ್ಬರಿದ್ದರು. ಅವರು ಇವರನ್ನು ಎತ್ತಿಸಿಕೊಂಡು ಹೋಗಿ, ತಮ್ಮ ಮನೆಯ ವರಾಂಡದಲ್ಲಿ ಮಲಗಿಸಿ, ಕೊಯಿನೆಲ್ ಎಂಬ ಜ್ವರದ ಕಹಿ ಔಷಧಿ ಕುಡಿಸಿ ಉಳಿಸಿದರು. ಎದ್ದು ಕೂತ ಮೇಲೆ ಚಾಚಾ ಅವರ ಅಡಿಗೆಗೆ ನಿಂತರು.

ರಾಯಭಾರಿ ಎಂದರೆ ಏನು ಮಾಡುವವನು ಎಂದು ನಾನು ಕೇಳಿದ್ದೆ.

“ಮುಧೋಳ ಸಂಸ್ಥಾನಕ್ಕ ಇಂಗ್ಲಿಷರ ಏಜೆಂಟ್ ಸಾಹೇಬ ಬರ್ತಾನಲ್ಲ, ಹಂಗ,” ಎಂದರು ಚಾಚಾ. “ಫರಕ ಏನಂದ್ರ, ಆ ಏಜೆಂಟ ಹುಕುಂ ಮಾಡ್ತಾನ. ನಮ್ಮ ಸಾಹೇಬರು ಕೇಳ್ತಿದ್ರು. ದಿನಾ ಕೇಳೂದು, ಬರಿಯೂದು. ಉತ್ತರ ಬರೂದ್ರಾಗ ಮಳಿಗಾಲ ಮುಗೀತಿತ್ತು.”

ಆ ದೇಶದ ಗಡಿಯನ್ನು ಒಂದು ಕಡೆ ಇಂಗ್ಲಿಷರು, ಇನ್ನೊಂದು ಕಡೆ ಫ್ರೆಂಚರು ಕಚ್ಚುತ್ತ ಬರುತ್ತಿದ್ದರಂತೆ. ಸಾಹೇಬರು ತಮ್ಮ ಸರಕಾರಕ್ಕೆ, ಸ್ವಲ್ಪ ಗದರಿಸಿ ನೋಡಿ ಎಂದು ಬರೆಯುತ್ತಿದ್ದರಂತೆ. ಸರಕಾರ ಸುಮ್ಮನಿರುತ್ತಿತ್ತಂತೆ. ಇಷ್ಟರವರೆಗೆ ಅಂಗಡಿಯಲ್ಲಿ ಕೂತವರೆಲ್ಲ ತಲೆದೂಗುತ್ತಿದ್ದರು. ಅನಂತರ ಚಾಚಾ ಒಂದು ಮಾತು ಹೇಳುತ್ತಿದ್ದರು, ಅಲ್ಲಿಗೆ ಕತೆ ಕೆಡುತ್ತಿತ್ತು. ಆ ಸಾಹೇಬರು ಕಪ್ಪಗಿದ್ದರಂತೆ. ಬಿಸಿಲಿಗೆ ಕಪ್ಪಾದದ್ದಲ್ಲ, ಹುಟ್ಟಾ ಹಬಸಿಯವರು, ಆಫ್ರಿಕಾ ಮೂಲದ ಜನ. ಅವರ ತಂದೆಯನ್ನು ಅಮೇರಿಕಾದಲ್ಲಿ ಗುಲಾಮರ ಸಂತೆಯಲ್ಲಿ ನಿಲ್ಲಿಸಿ ಮಾರಿದ್ದರಂತೆ. ಮಗ ಓದಿ, ಸಾಲಿ ಮಾಸ್ತರನಾಗಿ, ಅಲ್ಲಿನ ಒಂದು ಪಕ್ಷದ ಪರವಾಗಿ ಊರೂರು ಭಾಷಣ ಮಾಡಿ, ಆ ಪಕ್ಷ ಗೆದ್ದ ಮೇಲೆ ರಾಯಭಾರಿಯಾಗಿ ಬಂದಿದ್ದರಂತೆ.

ನೇಕಾರರು ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. “ಚಾಚಾ, ನಿಮ್ಮ ಬಣ್ಣದ ಗಡಗ್ಯಾಗ ಬಿದ್ದಿದ್ನೇನ್ರಿ ನಿಮ್ಮ ಸಾಹೇಬ?” ಎಂದು ಒಬ್ಬ ಕೇಳಿದರೆ, “ಹಂಗಾದ್ರ ನಮ್ಮ ಎಮ್ಮಿನೂ ಕಲೆಕ್ಟರ್ ಆಗ್ತೈತಿ ಬಿಡ್ರಿ” ಎಂದು ಇನ್ನೊಬ್ಬ. ನಾನು ನಗುತ್ತಿರಲಿಲ್ಲ. ಲೆಕ್ಕ ಹಾಕುತ್ತಿದ್ದೆ. ಯಾವ ಧಣಿ ಒಬ್ಬನನ್ನು ಮಾರಿ, ಅವನ ಮಗನನ್ನೇ ತನ್ನ ಪರವಾಗಿ ಮಾತಾಡಲು ಕಳಿಸುತ್ತಾನೆ? ವ್ಯಾಪಾರಸ್ಥನ ಬುದ್ಧಿಗೆ ಅದು ಕೂರಲಿಲ್ಲ.

ಹೀಗಿರುವಾಗ ಕಮತಗಿಯ ಒಬ್ಬ ಅರಳೆ ವ್ಯಾಪಾರಿಯ ಮನೆಯಿಂದ ಚಾಚಾನ ಮಗಳಿಗೆ ಸಂಬಂಧ ಬಂತು. ಒಳ್ಳೆಯ ಮನೆತನ, ಹುಡುಗ ಕೆಲಸಗಾರ. ಹುಡುಗಿ ಅವರಿಗೆ ಹಿಡಿಸಿದ್ದಳು. ಹುಡುಗನ ತಂದೆ ನನ್ನ ಅಂಗಡಿಗೆ ಬಂದು, ಚಪ್ಪಲಿ ಬಿಡುವ ಮೊದಲೇ ವಿಷಯಕ್ಕೆ ಬಂದರು.

“ನೀವು ನೂಲು ತಿಕ್ಕಿ ನೋಡಾವ್ರು. ಈ ಮನಷ್ಯಾನ್ನೂ ಒಂದೀಟ ತಿಕ್ಕಿ ನೋಡ್ರಿ,” ಎಂದರು. “ಕರಿ ಸಾಹೇಬ ಅಂತ, ಅಮೇರಿಕಾದ ರಾಯಭಾರಿ ಅಂತ... ಇಷ್ಟು ದೊಡ್ಡ ಸುಳ್ಳು ಹೇಳಾವ ಇನ್ನೇನ ಮುಚ್ಚಿಟ್ಟಾನೋ. ಜೇಲ್ನ್ಯಾಗ ಇದ್ದು ಬಂದಾನೋ, ಅಲ್ಲೊಂದು ಸಂಸಾರ ಮಾಡಿ ಬಂದಾನೋ. ನೀವು ಖರೆ ಅಂದ್ರ ಲಗ್ನ. ಇಲ್ಲಂದ್ರ ಇಲ್ಲ.”

ನಾನು ಒಪ್ಪಿಕೊಂಡೆ. ಇಂಥ ಕೆಲಸ ನನಗೆ ಇಷ್ಟ. ಸುಳ್ಳು ಹೇಳುವವನು ದೊಡ್ಡದನ್ನು ಚೆನ್ನಾಗಿ ಕಟ್ಟಿಕೊಂಡಿರುತ್ತಾನೆ, ಸಣ್ಣದರಲ್ಲಿ ಸಿಕ್ಕಿಬೀಳುತ್ತಾನೆ. ಆದ್ದರಿಂದ ನಾನು ಬಾವುಟದ ಬಗ್ಗೆ ಕೇಳಲಿಲ್ಲ, ದರಬಾರದ ಬಗ್ಗೆ ಕೇಳಲಿಲ್ಲ. ಬಣ್ಣದ ಒಲೆಯ ಮುಂದೆ ಕುಕ್ಕರಗಾಲಿನಲ್ಲಿ ಕೂತು, ಅಷ್ಟು ಮಳೆಯಲ್ಲಿ ಸಾಹೇಬರ ಅಂಗಿ ಹೇಗೆ ಒಣಗಿಸುತ್ತಿದ್ದಿರಿ ಎಂದೆ.

“ಒಣಗ್ತಿದ್ದಿಲ್ಲ,” ಎಂದರು. “ಒಲಿ ಮ್ಯಾಲೆ ಹಗ್ಗ ಕಟ್ಟಿ ಹಾಕ್ತಿದ್ದೆ. ಸಾಹೇಬರ ಅಂಗಿ ಯಾವಾಗ್ಲೂ ಹೊಗಿ ನಾತ. ಫ್ರೆಂಚರ ಮುಂದ ಹಂಗ ಹೋಗಿ ಕುಂದರ್ತಿದ್ರು. ಮೂಗು ಮುಚ್ಕೊಂಡ್ರಂತ ಒಮ್ಮೆ. ಮನಿಗೆ ಬಂದು ನನಗ ಏನೂ ಅನಲಿಲ್ಲ. ಅಂಗಿ ಮಾತ್ರ ತಾವ ತೊಳಕೊಂಡ್ರು.”

ಹಡಗಿನಿಂದ ದಂಡೆಗೆ ಹೇಗೆ ಬರುತ್ತಿದ್ದರು ಎಂದೆ. ಅಲ್ಲಿ ಹಡಗು ನಿಲ್ಲುವ ಕಟ್ಟೆಯಿಲ್ಲ. ಸಣ್ಣ ದೋಣಿಯಲ್ಲಿ ತೆರೆಗಳ ಮೇಲೆ ಬರಬೇಕು, ಕೊನೆಯಲ್ಲಿ ದೋಣಿಯವರು ದೊಡ್ಡ ಮನುಷ್ಯರನ್ನು ಹೆಗಲ ಮೇಲೆ ಕೂರಿಸಿಕೊಂಡು ನೀರು ದಾಟಿಸುತ್ತಾರೆ. ಸಾಹೇಬರು ಮಾತ್ರ ಹೆಗಲು ಹತ್ತದೆ, ಬೂಟು ಕೈಯಲ್ಲಿ ಹಿಡಿದು ಸೊಂಟಮಟ್ಟ ನೀರಿನಲ್ಲಿ ನಡೆದು ಬರುತ್ತಿದ್ದರಂತೆ. ನಾಲ್ಕು ದಿನ ಬಿಟ್ಟು, ಬೇರೆ ಮಾತಿನ ನಡುವೆ ಅದನ್ನೇ ತಿರುಗಿಸಿ ಕೇಳಿದೆ. ಮಾತು ಬದಲಾಯಿತು, ಸಂಗತಿ ಬದಲಾಗಲಿಲ್ಲ. ಬೆರಳಿಗೆ ಬಣ್ಣ ಹತ್ತಲಿಲ್ಲ. ಆದರೂ ನನಗೆ ಸಮಾಧಾನವಿಲ್ಲ. ಇಷ್ಟು ಪಕ್ಕಾ ಮಾಲು ಸಾಮಾನ್ಯವಾಗಿ ನಕಲಿಯೇ ಇರುತ್ತದೆ.

ಕೊನೆಗೆ ನಾನು ನನ್ನ ಸ್ವಭಾವದಂತೆ ಸಲಹೆ ಕೊಟ್ಟೆ. “ಚಾಚಾ, ಕಮತಗಿಯವರು ಕೇಳಿದಾಗ ಸಾಹೇಬರು ಬೆಳ್ಳಗಿದ್ರು ಅಂದುಬಿಡ್ರಿ. ಉಳದದ್ದೆಲ್ಲ ಖರೆನ ಹೇಳ್ರಿ. ಒಂದು ಮಾತು ಬಿಟ್ರ ಮಗಳ ಲಗ್ನ ಆಗ್ತೈತಿ. ನಿಮಗೇನು ಲುಕ್ಸಾನ?”

ಚಾಚಾ ಗಡಿಗೆಯಿಂದ ಕೆಂಪು ನೂಲಿನ ಲಡಿ ಎತ್ತಿ ಹಿಂಡುತ್ತಿದ್ದರು. ಹಿಂಡಿ ಮುಗಿಸಿ, ಹಗ್ಗದ ಮೇಲೆ ಹರವಿ, ಆಮೇಲೆ ನನ್ನ ಕಡೆ ತಿರುಗಿದರು.

“ನಾ ಬಣ್ಣ ಹಾಕಾವ. ತಗಿಯೂ ಧಂದೆ ನನಗ ಬರಂಗಿಲ್ಲ. ಅವರ ಅನ್ನ ಉಂಡೀನಿ.”

“ಮಗಳು ಮನ್ಯಾಗ ಉಳದ್ರ?”

ಚಾಚಾ ಇನ್ನೊಂದು ಲಡಿಯನ್ನು ಗಡಿಗೆಗೆ ಇಳಿಸಿದರು. ಒಳಗೆ ಬಾಗಿಲ ಮರೆಯಲ್ಲಿ ಬಳೆಯ ಸದ್ದಾಯಿತು. ಮಗಳು ಕೇಳಿಸಿಕೊಳ್ಳುತ್ತಿದ್ದಳು...

ಗಂಡಿನ ಕಡೆಯವರು ಮಾತಿಗೆ ಬಂದ ದಿನ ನಾನೂ ಹೋಗಿ ಕೂತೆ. ಹುಡುಗನ ತಂದೆ, ಹುಡುಗನ ಸೋದರಮಾವ. ಒಳಗಿನ ಬಾಗಿಲ ಪರದೆಯ ಹಿಂದೆ ಹುಡುಗನ ಅಜ್ಜಿ. ಕರದಂಟು, ಷರಬತ್ತು ಆಯಿತು. ಆಮೇಲೆ ಹುಡುಗನ ತಂದೆ ನನ್ನ ಕಡೆ ನೋಡಿದರು. ನಾನು ಖರೆ ಎನ್ನಲಿಲ್ಲ, ಸುಳ್ಳು ಎನ್ನಲೂ ಇಲ್ಲ. ನೀವೇ ಕೇಳಿ ಎಂದೆ. ಅವರು ಕೇಳಿದರು: ಅಂಥಾ ದೊಡ್ಡ ಸಾಹೇಬನ ಹತ್ತಿರ ಅಷ್ಟು ವರ್ಷ ಇದ್ದವರು ಬರಿಗೈಲಿ ಯಾಕೆ ಬಂದಿರಿ?

ಚಾಚಾ ಹೇಳತೊಡಗಿದರು. ಅಮೇರಿಕಾದಲ್ಲಿ ಮೇಲಿನ ದೊರೆ ಬದಲಾದರೆ ರಾಯಭಾರಿಗಳೂ ಬದಲಾಗುತ್ತಾರಂತೆ. ಒಂದು ದಿನ ಟಪಾಲಿನಲ್ಲಿ ಹುಕುಂ ಬಂತು, ಬೇರೆಯವರು ಬರುತ್ತಾರೆ, ನೀವು ಹೊರಡಿ ಎಂದು. ಸಾಹೇಬರು ಚಾಚಾನನ್ನು ಇಂಗ್ಲೆಂಡಿನ ಬಂದರದವರೆಗೆ ಜೊತೆಗೆ ಕರೆದುಕೊಂಡು ಹಡಗು ಹತ್ತಿದರು. ಅಲ್ಲಿಂದ ಮುಂಬಯಿಗೆ ಚಾಚಾನ ಟಿಕೀಟು ಅವರೇ ತೆಗೆಸಿಕೊಟ್ಟರು. ಅಷ್ಟರಲ್ಲಿ ಅವರ ಕೈಯೂ ಖಾಲಿ. ಬಂದರದಲ್ಲಿ ಈ ಕೊಡೆ ಕೊಟ್ಟರು.

“ಹಡಗಿನ್ಯಾಗ ಮೊದಲನೇ ದಿನ,” ಎಂದರು ಚಾಚಾ. ನೆಲ ನೋಡಿದರು. “ಸಾಹೇಬರು ಊಟದ ಖೋಲಿಗೆ ಹೋದ್ರು. ಬಿಳೇರು, ಇವರ ಕೂಡ ಉಣ್ಣಂಗಿಲ್ಲಂತ ಎದ್ದು ನಿಂತ್ರು. ಕಪ್ತಾನ ಬಂದು, ನಿಮ್ಮ ತಾಟು ನಿಮ್ಮ ಖೋಲಿಗೆ ಕಳಸ್ತೀವಿ, ಅಲ್ಲೇ ಉಣ್ಣ್ರಿ ಅಂದ. ಬಂದರ ಮುಟ್ಟೂ ತನಕಾ ಹಂಗ. ಒಂದು ದೇಶದ ರಾಯಭಾರಿ... ದಿನಾ ರಾತ್ರಿ ಕರಿ ಕೋಟು ಹಾಕ್ಕೊಂಡು, ಗುಂಡಿ ಹಚ್ಚಿ, ಆ ಗೂಡಿನಂಥಾ ಖೋಲ್ಯಾಗ ನೆಟ್ಟಗ ಕುಂತು ಉಣ್ತಿದ್ರು. ಇಲ್ಲಿ ಯಾರ ಅದಾರ, ಕೋಟ್ಯಾಕ್ರಿ ಅಂದೆ. ನೀ ಅದಿಯಲ್ಲ ಅಂದ್ರು.”

ಹುಡುಗನ ಸೋದರಮಾವ ಕೆಮ್ಮಿದರು. ಆಗ ಪರದೆಯ ಹಿಂದಿನಿಂದ ಅಜ್ಜಿಯ ದನಿ ಬಂತು. ತನ್ನ ಮಗನಿಗೇ ಹೇಳಿದಳು.

“ಸಾಕು ಬಿಡೋ, ಎಷ್ಟ ಕೇಳ್ತಿ. ತನ್ನ ಧಣಿನ್ನ ದಸ್ತರಖಾನದಿಂದ ಎಬ್ಬಿಸಿ ಕಳಿಸಿದ್ರು ಅಂತ ಯಾವ ಆಳು ಸುಳ್ಳು ಕಟ್ಟಿ ಹೇಳ್ತಾನ? ಸುಳ್ಳು ಹೇಳಾವ ಆಗಿದ್ರ ಬಂಗಾರದ ತಾಟಿನ್ಯಾಗ ಉಣಿಸ್ತಿದ್ದ. ಲಗ್ನದ ತಾರೀಖು ನೋಡು.”

ಅವಳು ಹೇಳಿದ್ದು ನನ್ನದೇ ಧಂದೆಯ ಮಾತು. ಮಾಲಿನ ದೋಷವನ್ನು ಮಾರುವವನೇ ಬಾಯಿಬಿಟ್ಟು ಹೇಳಿದರೆ ಮಾಲು ಅಸಲಿ. ಇಷ್ಟು ವರ್ಷ ಬಜಾರಿನಲ್ಲಿ ಕೂತ ನನಗೆ ಹೊಳೆಯದ್ದು ಪರದೆಯ ಹಿಂದೆ ಕೂತವಳಿಗೆ ಹೊಳೆಯಿತು. ಮದುವೆ ನಡೆಯಿತು. ಮಗಳನ್ನು ಗಾಡಿ ಹತ್ತಿಸುವಾಗ ಚಾಚಾ ಅವಳ ತಲೆಯ ಮೇಲೆ ಕೊಡೆ ಹಿಡಿದಿದ್ದರು. ಮಳೆಯೂ ಇರಲಿಲ್ಲ, ಬಿಸಿಲೂ ಇಳಿದಿತ್ತು. ಅಂದು ಅವಳು ‘ಅಬ್ಬಾ’ ಎಂದು ಅಪ್ಪನನ್ನು ಕರೆದು ಅತ್ತದ್ದನ್ನು ನಾನು ಕೇಳಿದೆ.

ಆದರೂ ಮನೆಗೆ ಬರುವ ದಾರಿಯಲ್ಲೇ ನನ್ನ ತಲೆ ಮತ್ತೆ ಶುರುಮಾಡಿತು. ಆ ಮುದುಕಿಯಂಥವರು ಹೀಗೆ ಯೋಚಿಸುತ್ತಾರೆಂದು ತಿಳಿದೇ ಆ ಊಟದ ಕತೆ ಹೆಣೆದಿರಬಹುದಲ್ಲ?... ಇದು ನನ್ನ ಕಾಯಿಲೆ, ಇಂದಿಗೂ ವಾಸಿಯಾಗಿಲ್ಲ.

ಮುಂದೊಂದು ದಿನ, ಅಪರೂಪಕ್ಕೆ ಒಂದು ಒಳ್ಳೆಯ ಮಳೆ ಬಂದು, ಇಬ್ಬರೂ ಇದೇ ಕೊಡೆಯಡಿ ಬಜಾರಿನಿಂದ ಬರುತ್ತಿದ್ದೆವು. ನಾನು ಬಹಳ ದಿನದಿಂದ ಒಳಗಿಟ್ಟುಕೊಂಡಿದ್ದ ಪ್ರಶ್ನೆ ಕೇಳಿದೆ. “ಚಾಚಾ, ಸಾಹೇಬರ ಅಪ್ಪನ್ನ ಎಷ್ಟಕ್ಕ ಮಾರಿದ್ರಂತ?”

ನಡೆಯುತ್ತಿದ್ದವರು ನಿಂತುಬಿಟ್ಟರು. “ಅವರಿಗೊಮ್ಮೆ ಜ್ವರ ಬಂದಾಗ ನನಗ ಹೇಳಿದ್ರು.”

“ಎಷ್ಟು?”

“ನಿನಗ ಹೇಳಂಗಿಲ್ಲ. ನೀ ವ್ಯಾಪಾರಸ್ಥ. ಹೇಳಿದ್ನೆಂದ್ರ, ತುಟ್ಟಿ ಆತೋ ಸಸ್ತಾ ಆತೋ ಅಂತ ಒಂದು ಕ್ಷಣ ಆದ್ರೂ ಅಳದ ಬಿಡ್ತಿ.”

ನಾನು ನಕ್ಕೆ. ಅವರು ನಗಲಿಲ್ಲ. ಕೊಡೆಯನ್ನು ನನ್ನ ಕಡೆಗೆ ಇನ್ನಷ್ಟು ವಾಲಿಸಿದರು. ಅವರ ಎಡಹೆಗಲು ಪೂರಾ ತೊಯ್ದಿತು. ಕಟ್ಟುಕತೆಯವನಾಗಿದ್ದರೆ ಅಲ್ಲೇ ಒಂದು ಅಂಕಿ ಒಗೆದು ನನ್ನ ಬಾಯಿ ಮುಚ್ಚಿಸುತ್ತಿದ್ದ ಎಂದು ಆಗಲೇ ಅನ್ನಿಸಿತ್ತು...

ಚಾಚಾ ತೀರಿಕೊಂಡು ಬಹಳ ಕಾಲವಾಯಿತು. ಬಣ್ಣದ ಗಡಿಗೆಗಳು ಒಡೆದುಹೋದವು. ಮಗಳೂ ಹೋದಳು. ಮಣ್ಣು ಕೊಡಲು ಕಮತಗಿಗೆ ಹೋಗಿದ್ದಾಗ ಕೊಡೆ ಎಲ್ಲಿ ಎಂದು ಕೇಳಲು ನನಗೆ ನಾಲಿಗೆ ಬರಲಿಲ್ಲ. ಯಾವ ಕೈಯಿಂದ ಯಾವ ಕೈಗೆ ದಾಟಿ ಅದು ಬಾಗಲಕೋಟೆಗೆ ಬಂತೋ, ಅಂಗಡಿಯವನಿಗೂ ಗೊತ್ತಿಲ್ಲ. ಗೊತ್ತಿದ್ದೂ ಹೇಳಲಿಲ್ಲವೋ ಏನೋ. ಈಗ ನನ್ನ ಅಂಗಡಿಯ ಮೊಳೆಗೆ ತೂಗುಹಾಕಿದ್ದೇನೆ. ಬಂದ ಗಿರಾಕಿಗಳು ಎಷ್ಟಕ್ಕೆ ಕೊಡುತ್ತೀರಿ ಎನ್ನುತ್ತಾರೆ. ನಾನು ಹೇಳುವುದಿಲ್ಲ.

ಇನ್ನು ಓದುವವರಿಗೆ ನನ್ನ ಮಾತು. ಹಳೆಯ ಕೊಡೆ ಕೊಳ್ಳುವಾಗ ಮೊದಲು ಬಿಚ್ಚಿ ಬೆಳಕಿಗೆ ಹಿಡಿಯಿರಿ, ತೂತುಗಳು ತಾವಾಗಿಯೇ ಕಾಣುತ್ತವೆ. ಕಡ್ಡಿಯನ್ನು ಬಗ್ಗಿಸಿ ನೋಡಿ. ಮೂಸಿ ನೋಡುವುದನ್ನು ಮರೆಯಬೇಡಿ. ಹೇಳಿದ ಬೆಲೆಯ ಅರ್ಧದಿಂದ ಚೌಕಾಸಿ ಶುರುಮಾಡಿ, ಅದರಲ್ಲಿ ನಾಚಿಕೆ ಬೇಡ. ಆದರೆ ಎದುರಿಗಿದ್ದವನು ಒಂದು ವಸ್ತುವಿನ ಬೆಲೆ ನಿಮಗೆ ಹೇಳುವುದಿಲ್ಲ ಎಂದು ಕೊಡೆಯನ್ನು ನಿಮ್ಮ ಕಡೆಗೇ ವಾಲಿಸಿದರೆ, ಎರಡನೆಯ ಸಲ ಕೇಳಬೇಡಿ. ಅವನ ಎಡಹೆಗಲು ನೆನೆಯುತ್ತಿದೆಯೇ ನೋಡಿ, ಬೇಗ ಹೆಜ್ಜೆ ಹಾಕಿ.