ಕೂರಲಾರದ ಹೆಸರು

ವೇಡ್ ಬರೋ ಕೂತಿದ್ದನ್ನು ನಾನು ನೋಡಿದ್ದು ಕಡಿಮೆ. ಪಕ್ಕದ ಮನೆಯವನು, ನನಗಿಂತ ನಾಲ್ಕು ವರ್ಷ ಚಿಕ್ಕವನು, ಹುಟ್ಟಿದಾಗಿನಿಂದ ಬಲ್ಲೆ. ಆದರೂ ಅವನ ನೆನಪಾದರೆ ಕಣ್ಣೆದುರು ಬರುವುದು ಬಾಗಿಲ ಚೌಕಟ್ಟು ಹಿಡಿದು ನಿಂತ ಮನುಷ್ಯ. ಚರ್ಚಿನಲ್ಲಿ ಕೊನೆಯ ಬೆಂಚಿನ ತುದಿಯೇ ಬೇಕು. ಸಾವಿನ ಮನೆಗೆ ಬಂದರೂ ಕಿಟಕಿಯ ಹತ್ತಿರ ನಿಂತು ಹೊರಗೆ ನೋಡುತ್ತಿರುತ್ತಾನೆ. ಸತ್ತವರ ಮೇಲೆ ಗೌರವ ಇಲ್ಲವೆಂದಲ್ಲ, ಅವನ ಕಣ್ಣಿಗೆ ಕೊಲ್ಲಿ ಕಾಣಬೇಕು ಅಷ್ಟೆ.

ನಮ್ಮ ಮೋರ್ಕಂ ಕೊಲ್ಲಿಯೂ ಅವನ ಹಾಗೆಯೇ, ಒಂದೆಡೆ ನಿಲ್ಲುವ ಜಾತಿಯದಲ್ಲ. ದಿನಕ್ಕೆರಡು ಸಲ ಸಮುದ್ರ ಎದ್ದು ಮೈಲಿಗಟ್ಟಲೆ ಆಚೆ ಹೋಗುತ್ತದೆ, ಮರಳು ಬಿಟ್ಟು ಹೋಗುತ್ತದೆ, ಮತ್ತೆ ಓಡಿ ಬರುತ್ತದೆ. ನಿನ್ನೆ ಕೆಂಟ್ ನದಿ ಹರಿದ ಕಡೆ ಇವತ್ತು ಹರಿಯುವುದಿಲ್ಲ. ನಿನ್ನೆ ಟ್ರ್ಯಾಕ್ಟರ್ ಹೋದ ಮರಳು ಇವತ್ತು ಹುದುಲಾಗಿ ಗಾಲಿ ನುಂಗುತ್ತದೆ. ಸಿಗಡಿ ಹಿಡಿಯಲು ಹೋಗುವವರಿಗೆ ದಾರಿ ತಿಳಿಯಲೆಂದು ಯಾರಾದರೂ ಮುಂಚೆಯೇ ನಡೆದು, ಕೋಲು ಚುಚ್ಚಿ ನೋಡಿ, ಗಟ್ಟಿ ನೆಲದಲ್ಲಿ ಲಾರೆಲ್ ಗಿಡದ ಕೊಂಬೆ ನೆಡಬೇಕು. ನಮ್ಮ ಸ್ಕಾರ್‌ಗೇಟ್ ಹಳ್ಳಿಯಲ್ಲಿ ಮೂವತ್ತು ವರ್ಷ ಆ ಕೆಲಸ ಮಾಡಿದವನು ವೇಡ್. ಯಾರೂ ಹೇಳಿರಲಿಲ್ಲ, ಯಾರೂ ಬೇಡವೆಂದೂ ಹೇಳಲಿಲ್ಲ. ನೆಟ್ಟ ಕೊಂಬೆ ಸರಿಯಿದೆಯೋ ಇಲ್ಲವೋ ಎಂದು ಅರ್ಧ ದಾರಿಯಿಂದ ವಾಪಸ್ ಹೋಗಿ ನೋಡಿ ಬರುವ ಪೈಕಿ.

ಅವನಿಗೆ ಆ ಹೆಸರು ಬಂದ ಬಗೆ ಹೇಳಬೇಕು. ವೇಡ್ ಅನ್ನುವುದು ಅವನ ತಾಯಿ ಆಗ್ನೆಸಳ ತವರಿನ ಮನೆತನದ ಹೆಸರು. ಅವಳಪ್ಪ ಐಸಾಕ್ ವೇಡ್, ಅಣ್ಣ ಟಾಬಿ ವೇಡ್. ಇಬ್ಬರೂ ಕುದುರೆಗಾಡಿ ಕಟ್ಟಿಕೊಂಡು ಸಿಗಡಿಗೆ ಹೋಗುತ್ತಿದ್ದವರು. ಮೂವತ್ತೈದನೇ ಇಸವಿಯ ಅಕ್ಟೋಬರಿನಲ್ಲಿ ಮಂಜು ಕವಿದ ಒಂದು ಮಧ್ಯಾಹ್ನ ಕುದುರೆ ಮಾತ್ರ ಮನೆಗೆ ಬಂತು. ಗಾಡಿಗೆ ಕಟ್ಟಿದ್ದ ಪಟ್ಟಿಗಳನ್ನು ಚಾಕುವಿನಿಂದ ನೀಟಾಗಿ ಕೊಯ್ದಿದ್ದರು. ಕುದುರೆಯನ್ನು ಬಿಡಿಸುವಷ್ಟು ಹೊತ್ತು ಸಿಕ್ಕಿದೆ, ತಮ್ಮ ಕಾಲು ಬಿಡಿಸಿಕೊಳ್ಳಲು ಸಿಕ್ಕಿಲ್ಲ. ಹೆಣ ಇವತ್ತಿಗೂ ಸಿಕ್ಕಿಲ್ಲ.

ಗಂಡು ದಿಕ್ಕಿಲ್ಲದೆ ಮನೆತನದ ಹೆಸರು ಅಳಿಯುವ ಹಾಗಿದ್ದರೆ, ಆ ಮನೆಯ ಮಗಳು ತನ್ನ ಚೊಚ್ಚಲ ಗಂಡುಮಗುವಿಗೆ ಅದನ್ನೇ ಕರೆಯುವ ಹೆಸರಾಗಿ ಇಡುವುದು ನಮ್ಮ ಕಡೆಯ ರೂಢಿ. ಹಾಗೆಯೇ ಊರಲ್ಲಿ ಮನೆತನದ ಹೆಸರು ಹೊತ್ತ ಹುಡುಗರು ಹತ್ತಾರು ಮಂದಿ ಇದ್ದಾರೆ. ಆಗ್ನೆಸ್ ಮದುವೆಯಾದದ್ದು ಸೈಲಸ್ ಬರೋ ಎಂಬ ರೈಲು ಗೇಟಿನವನನ್ನು. ಮಗ ಹುಟ್ಟಿದಾಗ ಅವಳು ಹಟ ಹಿಡಿದು ವೇಡ್ ಎಂದು ಹೆಸರಿಟ್ಟಳು. ಇಟ್ಟವಳು ಆಮೇಲೆ ಅವನನ್ನು ಸಮುದ್ರದ ಕಡೆ ತಲೆ ಹಾಕಿಯೂ ಮಲಗಲು ಬಿಡಲಿಲ್ಲ. ಹೆಸರು ಬೇಕಂತೆ, ಹೆಸರಿನವರ ಕಸುಬು ಬೇಡವಂತೆ. ನನಗೆ ಆಗ್ನೆಸ್ ಮೇಲೆ ಆ ವಿಷಯದಲ್ಲಿ ಸಿಟ್ಟಿತ್ತು, ಈಗಲೂ ಸ್ವಲ್ಪ ಇದೆ.

ಸೈಲಸ್ ನಲವತ್ತೊಂದು ವರ್ಷ ಒಂದೇ ಗೇಟು, ಒಂದೇ ಕುರ್ಚಿ. ರೈಲು ಬಂದರೆ ಮುಚ್ಚುವುದು, ಹೋದರೆ ತೆಗೆಯುವುದು. ಮಗನಿಗೆ ರೈಲ್ವೆಯಲ್ಲಿ ಟಿಕೆಟ್ ಕೊಡುವ ಕೆಲಸ ಕೊಡಿಸಿದ. ವೇಡ್ ಅಲ್ಲಿದ್ದದ್ದು ನಾಲ್ಕು ದಿನ. ಐದನೆಯ ದಿನ ಬೆಳಿಗ್ಗೆ ಬೂಟು ಕೈಯಲ್ಲಿ ಹಿಡಿದು ಮರಳಿಗೆ ಇಳಿದವನು ಮತ್ತೆ ಹತ್ತಲಿಲ್ಲ. ಅಪ್ಪನ ಬಗ್ಗೆ ಕೇಳಿದರೆ ನಗುತ್ತಿದ್ದ.

"ನಮ್ಮಪ್ಪನಾ? ಅವನು ಆ ಕುರ್ಚಿಯ ಐದನೇ ಕಾಲು ಕಣೆ ಈನಿಡ್" ಅನ್ನುತ್ತಿದ್ದ. ಅಪ್ಪ ಸತ್ತಾಗಲೂ ಹೂಳಿದ ಮಣ್ಣು ಆರುವ ಮುಂಚೆ ಕೊಂಬೆ ನೆಡಲು ಹೋಗಿದ್ದ. ಊರು ಬಾಯಿಗೆ ಬಂದಂತೆ ಮಾತಾಡಿತು.

ಅವನ ಹೆಂಡತಿ ನೆಲ್ ಒಳ್ಳೆಯವಳು, ಬೇಗ ಹೋಗಿಬಿಟ್ಟಳು. ಉಳಿದವಳು ಒಬ್ಬಳೇ ಮಗಳು ತಿರ್ಜಾ. ಅಲ್ವರ್ಸ್ಟನ್ನಿನಲ್ಲಿ ಶಾಲೆ ಟೀಚರು. ತೊಂಬತ್ತೈದರ ವಸಂತದಲ್ಲಿ ಅವಳಿಗೆ ಗಂಡುಮಗುವಾಯಿತು. ದೀಕ್ಷಾಸ್ನಾನ ನಮ್ಮ ಚರ್ಚಿನಲ್ಲೇ ಆಗಬೇಕೆಂದು ಮಗುವನ್ನು ಎತ್ತಿಕೊಂಡು ಒಂದು ವಾರ ಮೊದಲೇ ಅಪ್ಪನ ಮನೆಗೆ ಬಂದಳು. ಗಂಡ ಕ್ಲೈವ್ ಫೆಲ್ ಭಾನುವಾರದ ಹೊತ್ತಿಗೆ ಬರುವವನಿದ್ದ. ಬಂದ ದಿನವೇ ಬೇಲಿಯ ಆ ಕಡೆಯಿಂದ ಕೂಗಿ ಹೇಳಿದಳು.

"ಈನಿಡ್ ಆಂಟಿ, ಪುಟ್ಟನ ಹೆಸರು ವೇಡ್! ಅಪ್ಪನೇ ಎತ್ಕೊಂಡು ನಿಂತು ಹೇಳ್ಬೇಕು, ಆಯ್ತಾ?"

"ರೂಢಿ ಪ್ರಕಾರ ಬರೋ ಅಂತ ಇಡ್ಬೇಕಲ್ವೇನೆ? ನಿನ್ನ ತವರಿನ ಹೆಸರು ಅದು. ನಿಮ್ಮಪ್ಪನಿಗೆ ಗಂಡುಮಗ ಇಲ್ಲ" ಅಂದೆ.

"ಅಯ್ಯೋ, ಬರೋನಾ? ಬರೋ ಅಂದ್ರೆ ಬಿಲ ಅಲ್ವಾ, ಸ್ಕೂಲಲ್ಲಿ ಮೊಲದ ಬಿಲ ಅಂತ ಆಡಿಸ್ತಾರೆ ಆಂಟಿ. ನನ್ನನ್ನ ಹತ್ತು ವರ್ಷ ಆಡಿಸಿದ್ದು ಸಾಲದಾ?"

ಇಬ್ಬರೂ ನಕ್ಕೆವು. ಅವಳ ಹಿಂದೆ ಬಾಗಿಲು ಹಿಡಿದು ನಿಂತಿದ್ದ ವೇಡ್ ನಗಲಿಲ್ಲ.

ಸಂಜೆ ನನ್ನ ಅಡುಗೆಮನೆಗೆ ಬಂದ. ನಾನು ಬೇಯಿಸಿದ ಸಿಗಡಿಯ ರಾಶಿ ಮುಂದಿಟ್ಟುಕೊಂಡು ಸಿಪ್ಪೆ ಬಿಡಿಸುತ್ತಿದ್ದೆ. ನಿಂತೇ ಒಂದು ಹಿಡಿ ತೆಗೆದುಕೊಂಡು ಬಿಡಿಸತೊಡಗಿದ. ಅರ್ಧ ತಲೆ ಅರ್ಧ ಬಾಲ ಉಳಿಸಿ ಹಾಳು ಮಾಡುತ್ತಿದ್ದ.

"ಇಟ್ಟುಬಿಡೋ ಅದನ್ನ. ಏನಾಗಿದೆ ನಿಂಗೆ?"

"ಆ ಹೆಸರು ಬೇಡ ಅಂತ ನೀನು ಹೇಳೇ ಅವಳಿಗೆ."

"ನಿನ್ನ ಮಗಳು, ನಿನ್ನ ಹೆಸರು, ನಾನ್ಯಾಕೆ ಹೇಳ್ಲಿ? ನಿಂಗೆ ಬಾಯಿಲ್ವಾ?"

"ಬಾಯಿದೆ. ಮಾತು ಬರಲ್ಲ." ಕಿಟಕಿಯ ಕಡೆ ಹೋದ, ಬಂದ. "ಆ ಹೆಸರಿಟ್ಕೊಂಡೋನು ಒಂದು ಕಡೆ ಇರಲ್ಲ ಈನಿಡ್. ನಾನು ಇದ್ನಾ?"

"ಹೆಸರಿಗೇನು ಕಾಲಿರತ್ತೇನೋ? ನಿನ್ನ ಚಪಲಕ್ಕೆ ಆ ಎರಡಕ್ಷರದ ಮೇಲೆ ತಪ್ಪು ಹಾಕ್ಬೇಡ" ಎಂದು ರೇಗಿದೆ. ಅವನು ಬಿಡಿಸಿದ ಸಿಗಡಿಯನ್ನು ಮತ್ತೆ ಸಿಪ್ಪೆಯ ಬುಟ್ಟಿಗೇ ಹಾಕಿ ಹೊರಟುಹೋದ.

ಬುಧವಾರ ಪಾದ್ರಿ ಆರ್ಮರಾಡ್ ವೇಡನ ಮನೆಗೆ ಬಂದರು. ಪುಸ್ತಕದ ಹುಳು, ಎಂಬತ್ತರ ಹತ್ತಿರದವರು. ತಿರ್ಜಾ ನನ್ನನ್ನೂ ಕರೆದಿದ್ದಳು. ಹೆಸರಿನ ಅರ್ಥ ಏನೆಂದು ಅವಳು ಕೇಳಿದ್ದೇ ತಡ, ಮುದುಕರಿಗೆ ಹುರುಪು ಬಂತು.

"ಬಹಳ ಹಳೇ ಹೆಸರಮ್ಮ. ನಮ್ಮ ಹಳೇ ಭಾಷೆಯಲ್ಲಿ ಹೋಗೋದು, ನೀರಲ್ಲಿ ಕಾಲಿಟ್ಟು ನಡೆಯೋದು ಅಂತ ಅದರ ಮೂಲ ಅರ್ಥ. ಹೊಳೆ ದಾಟೋ ಜಾಗದ ಪಕ್ಕ ಮನೆ ಮಾಡ್ಕೊಂಡಿದ್ದೋರನ್ನೂ ಹಾಗೇ ಕರೀತಿದ್ರು. ಅದಕ್ಕೂ ಹಿಂದಿನ ಕಾಲದಲ್ಲಿ ಅದೇ ಹೆಸರಿನ ಒಬ್ಬ ದೈತ್ಯ ಇದ್ದ ಅಂತಾರೆ, ಸಮುದ್ರಕ್ಕೇ ಇಳಿದು ನಡೆದುಬಿಡ್ತಿದ್ನಂತೆ."

"ಅಪ್ಪಾ, ಕೇಳಿಸ್ತಾ? ದೈತ್ಯ!" ತಿರ್ಜಾ ಮಗುವಿನ ಮುಷ್ಟಿ ಎತ್ತಿ ತೋರಿಸಿದಳು.

"ಬರೋ ಅಂದ್ರೆ?" ವೇಡ್ ಕೇಳಿದ. ಅವತ್ತು ಅವನಾಡಿದ್ದು ಅದೊಂದೇ ಮಾತು.

"ಗುಡ್ಡದ ಬುಡದಲ್ಲೋ, ಕೋಟೆಯ ಹತ್ತಿರವೋ ನೆಲೆ ನಿಂತವರು ಅಂತ. ಮೊಲಕ್ಕೂ ಅದಕ್ಕೂ ಸಂಬಂಧವಿಲ್ಲ" ಎಂದು ಪಾದ್ರಿ ನಕ್ಕರು. ಆಮೇಲೆ ಭಾನುವಾರದ ಕ್ರಮ ವಿವರಿಸಿದರು. ಹಳೆಯ ಪುಸ್ತಕದ ಪ್ರಕಾರವೇ ಮಾಡುತ್ತಾರೆ ಅವರು. ಮಗುವನ್ನು ಎತ್ತಿಕೊಂಡವನನ್ನು ಪಾದ್ರಿ ಹೆಸರು ಕೇಳುತ್ತಾರೆ, ಅವನು ಹೇಳಿದ್ದೇ ಹೆಸರು. ಆ ಕ್ಷಣದಲ್ಲಿ ಬಾಯಿ ತಪ್ಪಿದರೂ ಅದನ್ನು ಅಳಿಸುವ ಹಾಗಿಲ್ಲ ಎಂದು ನಮ್ಮೂರಿನ ಹೆಂಗಸರೆಲ್ಲ ನಂಬುತ್ತಾರೆ, ನಾನೂ ನಂಬುತ್ತೇನೆ. ಸರ್ಕಾರಿ ದಾಖಲೆಗೆ ತಿರ್ಜಾ ಸೋಮವಾರ ಹೋಗುವವಳಿದ್ದಳು.

ಶುಕ್ರವಾರ ನೀರು ಇಳಿದ ಮೇಲೆ ವೇಡ್ ಒಬ್ಬನೇ ಕೊಂಬೆಗಳ ಕಟ್ಟು ಹೆಗಲಿಗೆ ಹಾಕಿಕೊಂಡು ಮರಳಿಗೆ ಹೋದ. ಹೋಗಬೇಕಾದ ಅಗತ್ಯವೇನೂ ಇರಲಿಲ್ಲ, ಹಿಂದಿನ ದಿನವೇ ದಾರಿ ನೋಡಿ ಬಂದಿದ್ದ. ಮನೆಯಲ್ಲಿ ಇರಲಾಗಲಿಲ್ಲ, ಅಷ್ಟೆ. ಮೂರು ಗಂಟೆಗೆ ಮಂಜು ಇಳಿಯಿತು. ಎದುರು ಮನೆಯೂ ಕಾಣದಷ್ಟು. ನಾಲ್ಕಕ್ಕೆ ಅವನು ಬರಲಿಲ್ಲ. ನಾಲ್ಕೂವರೆಗೆ ನೀರು ತಿರುಗುವ ಹೊತ್ತು. ನಾನು ಸಮುದ್ರದಂಚಿನ ಕಟ್ಟೆಯ ಹತ್ತಿರ ಓಡಿದರೆ ತಿರ್ಜಾ ಆಗಲೇ ಅಲ್ಲಿದ್ದಳು. ಮಗು ಎದೆಗೆ, ಅದರ ಮೇಲೆ ತನ್ನ ಕೋಟು, ಕಾಲಿಗೆ ಮನೆಯ ಚಪ್ಪಲಿ. ಕಟ್ಟೆಯ ಆ ತುದಿಯಿಂದ ಈ ತುದಿಗೆ, ಈ ತುದಿಯಿಂದ ಆ ತುದಿಗೆ.

"ಒಳಗೆ ಹೋಗೇ, ಮಗುಗೆ ಥಂಡಿ ಆಗತ್ತೆ" ಅಂದೆ.

"ಹೋಗಿದ್ದೆ ಆಂಟಿ. ಇರಕ್ಕಾಗ್ಲಿಲ್ಲ."

ನಾನೂ ಅವಳ ಜೊತೆ ನಡೆದೆ. ಕೂಗಿದೆವು, ತಟ್ಟೆ ಬಡಿದೆವು. ಸುಸ್ತಾಗಿ ನಾನು ಕಟ್ಟೆಯ ನಡುವೆ ನಿಂತೆ. ಐದಕ್ಕೆ ಹತ್ತು ನಿಮಿಷವಿರುವಾಗ ಮಂಜು ತುಸು ತೆಳುವಾಗಿ ಅದರೊಳಗಿಂದ ವೇಡ್ ಬಂದ. ತೊಡೆಯವರೆಗೆ ಒದ್ದೆ, ಕೋಲು ಕೈಯಲ್ಲಿ. ಕಟ್ಟೆಯಿಂದ ಇಪ್ಪತ್ತು ಗಜ ದೂರದಲ್ಲಿ ಮಗಳನ್ನು ಕಂಡವನು ಅಲ್ಲೇ ನಿಂತುಬಿಟ್ಟ. ಅವಳಿಗೆ ಅವನಿನ್ನೂ ಕಂಡಿರಲಿಲ್ಲ, ಬೆನ್ನು ತಿರುಗಿಸಿ ಆ ತುದಿಗೆ ನಡೆಯುತ್ತಿದ್ದಳು. ನೀರು ಹಿಂದೆ ಬರುತ್ತಿದೆ, ಈ ಮನುಷ್ಯ ಅವಳು ಹೋಗುವುದನ್ನೂ ತಿರುಗುವುದನ್ನೂ ನೋಡುತ್ತ ನಿಂತಿದ್ದಾನೆ. ನನಗೆ ಮೈ ಉರಿಯಿತು.

"ಹತ್ತಿ ಬಾರೋ ಮುಂಡೇದೆ!" ಎಂದು ಕಿರುಚಿದೆ.

ತಿರ್ಜಾ ಅವನನ್ನು ಬಾಯಿಗೆ ಬಂದಂತೆ ಬೈದಳು, ಅತ್ತಳು, ಮತ್ತೆ ಬೈದಳು. ಅವನು ಮನೆಗೆ ಹೋಗುವ ದಾರಿಯಲ್ಲಿ ಅವಳ ಒದ್ದೆ ಚಪ್ಪಲಿಯನ್ನೇ ನೋಡುತ್ತಿದ್ದ.

ಭಾನುವಾರ ಹನ್ನೊಂದಕ್ಕೆ ಚರ್ಚು ತುಂಬಿತ್ತು. ವೇಡ್ ತನ್ನ ಮದುವೆಯ ಕೋಟು ಹಾಕಿದ್ದ, ಗುಂಡಿ ಸೇರುತ್ತಿರಲಿಲ್ಲ. ನೀರಿನ ಕಲ್ಲುತೊಟ್ಟಿಯ ಪಕ್ಕ ಮಗುವನ್ನು ಎತ್ತಿಕೊಂಡು ನಿಂತ. ಭಾರ ಒಂದು ಕಾಲಿನಿಂದ ಇನ್ನೊಂದಕ್ಕೆ, ಮತ್ತೆ ಅದಕ್ಕೆ. ಕ್ಲೈವ್ ಒಂದು ಪಕ್ಕ, ತಿರ್ಜಾ ಒಂದು ಪಕ್ಕ. ಪಾದ್ರಿ ಕೈಚಾಚಿ ಹೇಳಿದರು.

"ಈ ಮಗುವಿಗೆ ಹೆಸರು ಕೊಡು."

ಅವನ ಕಾಲುಗಳು ನಿಂತವು. ಬಾಯಿ ತೆರೆದ, ಮುಚ್ಚಿದ. ಹಿಂದಿನ ಬೆಂಚಿನಲ್ಲಿ ಯಾರೋ ಕೆಮ್ಮಿದರು. ಬಾಯಿಪಾಠ ಮರೆತನೇನೋ ಎಂದು ತಿರ್ಜಾ ಮೊಣಕೈಯಿಂದ ಮೆಲ್ಲಗೆ ತಿವಿದಳು.

"ಬರೋ" ಅಂದ ವೇಡ್.

ಪಾದ್ರಿ ಅವನ ಮುಖ ನೋಡಿದರು.

"ಬರೋ" ಅಂತ ಇನ್ನೊಮ್ಮೆ, ಜೋರಾಗಿ ಅಂದ. "ನಮ್ಮಪ್ಪನ ಹೆಸರು."

ಪಾದ್ರಿ ಮಗುವನ್ನು ತೆಗೆದುಕೊಂಡರು, ಬರೋ ಎಂದೇ ಕರೆದು ಹಣೆಗೆ ನೀರು ಹಾಕಿದರು. ಬದುಕಿರುವ ತನಕ ಸೈಲಸನನ್ನು ಗೇಲಿ ಮಾಡಿದ ಮಗ ಇವನೇನಾ ಎಂದು ನನಗೆ ಕಣ್ಣು ತುಂಬಿ ಬಂತು. ತಿರ್ಜಾಳ ಮುಖ ಮಾತ್ರ ಕೆಂಪಗೆ ಕೆಂಡವಾಗಿತ್ತು.

ಆಮೇಲೆ ಚರ್ಚಿನ ಹಜಾರದಲ್ಲಿ ಹ್ಯಾಮು, ಕೇಕು, ಬೆಣ್ಣೆಯಲ್ಲಿಟ್ಟ ನನ್ನ ಸಿಗಡಿ. ತಿರ್ಜಾ ಏನನ್ನೂ ಮುಟ್ಟಲಿಲ್ಲ. ಮಗುವನ್ನು ಗಂಡನ ಕೈಗೆ ಕೊಟ್ಟು ಅಪ್ಪನನ್ನು ಮೂಲೆಗೆ ಎಳೆದಳು. ನಾನು ಅಲ್ಲೇ ಚಹಾ ಸುರಿಯುತ್ತಿದ್ದೆ, ಕೇಳಿಸಿಕೊಳ್ಳದೆ ಇರುವಷ್ಟು ಒಳ್ಳೆಯವಳೂ ಅಲ್ಲ.

"ಎಲ್ಲರೆದುರು ನನ್ನ ಮಾನ ಕಳೆದ್ಯಲ್ಲಪ್ಪ! ಒಂದು ಮಾತು ಮುಂಚೆ ಹೇಳಕ್ಕಾಗ್ಲಿಲ್ವಾ? ನಾಳೆ ಆಫೀಸಲ್ಲಿ ನಾನು ವೇಡ್ ಅಂತಾನೇ ಬರೆಸ್ತೀನಿ, ನೋಡು."

"ಬರೆಸು. ನಿನ್ನ ಮಗು" ಅಂದ. ಕಿಟಕಿಯ ಕಡೆ ತಿರುಗಿದ. "ನಮ್ಮಮ್ಮ ಹದಿನಾರು ವರ್ಷ ಆ ಕಟ್ಟೆ ಮೇಲೆ ಓಡಾಡಿದ್ಲು ತಿರ್ಜಾ. ನೀರು ಇಳೀತಾ ಇದ್ದ ಹಾಗೆ ಹೊರಡೋಳು, ನಾನು ಬರೋವರೆಗೆ. ನಾನು ದೂರದಿಂದ ನೋಡಿ ನಗ್ತಿದ್ದೆ, ಮುದುಕಿಗೆ ಬೇರೆ ಕೆಲಸ ಇಲ್ಲ ಅಂತ. ಕೊನೇಗೆ ಅಲ್ಲೇ ಬಿದ್ದು ಸತ್ಲು. ಮೊನ್ನೆ ನೀನು ನಡೀತಿದ್ದೆ. ಅದೇ ಕಟ್ಟೆ. ತಿರುಗೋ ಜಾಗಾನೂ ಅದೇ."

ಆಗ್ನೆಸ್ ಅಲ್ಲಿ ಓಡಾಡಿದ್ದನ್ನು ನಾನೂ ನೋಡಿದ್ದೆ. ಗಾಳಿ ಕುಡಿಯಲು ಬರುತ್ತಾಳೆಂದು ತಿಳಿದುಕೊಂಡಿದ್ದೆ, ದೇವರೇ.

ತಿರ್ಜಾಳ ಸಿಟ್ಟು ಇಳಿದದ್ದು ಅವಳ ಹೆಗಲಿನಲ್ಲಿ ಕಂಡಿತು. ಅಪ್ಪನ ತೋಳು ಹಿಡಿದುಕೊಂಡಳು.

"ಹಾಗಿದ್ರೆ ನೀನು ಇನ್ನು ಹೋಗ್ಬೇಡಪ್ಪ. ಇಲ್ಲೇ ಇದ್ಬಿಡು. ಈಗ್ಲಾದ್ರೂ ಕೂತ್ಕೋ."

ಅವನು ಅವಳ ಕೈಯನ್ನು ತನ್ನ ತೋಳಿನಿಂದ ಮೆಲ್ಲಗೆ ಬಿಡಿಸಿದ. ಹೊರಗೆ ನೀರು ಇಳಿಯತೊಡಗಿತ್ತು.

"ನನ್ನಿಂದ ಆಗಲ್ಲ ಮಗಳೆ" ಅಂದ. "ನಂಗೆ ಆಗ್ಲೇ ಹೆಸರಿಟ್ಟಾಗಿದೆ."